ಹುಡುಗಿ ಕಡೆಯಿಂದ ಬಂದ ಬ್ಯಾಂಕು

ಹೋದ ತಿಂಗಳು ನನ್ನ ಮದುವೆ ಬಹುತೇಕ ನಿಶ್ಚಯವಾಗಿತ್ತು.

ಹುಡುಗಿ ಯಾರು ಅಂತ ನನಗೆ ಗೊತ್ತಿರಲಿಲ್ಲ. ಹುಡುಗಿಗೂ ಗೊತ್ತಿರಲಿಲ್ಲ. ಯಾಕೆಂದರೆ ಹುಡುಗಿಯೇ ಇರಲಿಲ್ಲ. ಇದ್ದದ್ದು ಒಂದು ಬ್ಯಾಂಕು.

ತಲೆ ಕೆರೆದುಕೊಳ್ಳಬೇಡಿ, ಮೊದಲಿಂದ ಹೇಳುತ್ತೇನೆ. ಈ ಅಂಕಣ ತಪ್ಪದೆ ಓದುವವರಿಗೆ ನಮ್ಮವ್ವ ಗೊತ್ತು. ಗೊತ್ತಿಲ್ಲದ ಪುಣ್ಯವಂತರಿಗೆ ಚಿಕ್ಕದಾಗಿ ಪರಿಚಯ. ಸೇಡಂನಲ್ಲಿ ನಮ್ಮ ಮನೆಯ ಹಿತ್ತಲಲ್ಲಿ ನಮ್ಮವ್ವ ಶರಣಮ್ಮ ಮತ್ತು ಓಣಿಯ ಐದಾರು ಹೆಂಗಸರು ದಿನಾ ಜೋಳದ ರೊಟ್ಟಿ ಬಡಿಯುತ್ತಾರೆ. ಆ ಸದ್ದಿಗೆ ಓಣಿಯಲ್ಲಿ ಯಾರೂ ಅಲಾರಂ ಇಟ್ಟುಕೊಳ್ಳುವುದಿಲ್ಲ. ಹಾಗೆ ಬಡಿದ ಖಡಕ್ ರೊಟ್ಟಿಯನ್ನು ಆದಿತ್ಯನಗರ, ಚಿತ್ತಾಪುರ, ವಾಡಿ, ಶಹಾಬಾದ್, ಚಿಂಚೋಳಿಯ ಖಾನಾವಳಿಗಳಿಗೆ ಮುಟ್ಟಿಸುವುದು ನಾನು. ಸ್ಕೂಟರ್ ಮೇಲೆ. ಅಂಕಣ ಬರೆಯುವುದು ನನ್ನ ಹವ್ಯಾಸ, ರೊಟ್ಟಿ ಮುಟ್ಟಿಸುವುದು ನನ್ನ ಉದ್ಯೋಗ. (ಎರಡರಲ್ಲೂ ಗ್ರಾಹಕರ ಕೈಗೆ ಸಿಗುವುದು ಬಹಳ ಸಲ ಪುಡಿಯೇ.)

ಪುಡಿ ಅಂದಾಗ ನೆನಪಾಯಿತು. ಒಮ್ಮೆ ಕಾಗಿಣಾ ಸೇತುವೆ ಮೇಲೆ ಎಮ್ಮೆಗೆ ದಾರಿ ಬಿಡಲು ಹೋಗಿ ಮೂಟೆ ಸಮೇತ ಉರುಳಿದೆ. ಎಮ್ಮೆಗೆ ಏನೂ ಆಗಲಿಲ್ಲ, ನನಗೂ ಏನೂ ಆಗಲಿಲ್ಲ. ರೊಟ್ಟಿ ಮಾತ್ರ ರವೆಯಾಯಿತು. ವಾಡಿಯ ಖಾನಾವಳಿಯವನು ಅದಕ್ಕೆ ಮೊಸರು, ಉಳ್ಳಾಗಡ್ಡಿ ಕಲಸಿ 'ಇಂದಿನ ಸ್ಪೆಷಲ್' ಅಂತ ಬೋರ್ಡ್ ಹಾಕಿದ. ಮರುದಿನ ಗಿರಾಕಿಗಳು ಅದನ್ನೇ ಕೇಳಿದರಂತೆ. ಇನ್ನೊಮ್ಮೆ ಬೀಳ್ತೀಯಾ ಅಂತ ಫೋನ್ ಮಾಡಿದ್ದ.

ಇರಲಿ. ವಿಷಯ ಅವ್ವನ ಮಣಿಕಟ್ಟು.

ಈಚೆಗೆ ಅವ್ವ ರೊಟ್ಟಿ ಬಡಿಯುವಾಗ ನಡುನಡುವೆ ನಿಲ್ಲಿಸಿ ಬಲಗೈ ಜಾಡಿಸುತ್ತಿದ್ದಳು. ಏನಾಯ್ತು ಅಂದರೆ ನೊಣ ಅನ್ನುತ್ತಿದ್ದಳು. ನಮ್ಮ ಹಿತ್ತಲಲ್ಲಿ ಅಷ್ಟು ನೊಣ ಇಲ್ಲ. ಅವ್ವನಿಗೆ ನೋವಿದೆ, ಒಪ್ಪಿಕೊಳ್ಳುವುದಿಲ್ಲ. ಆಗ ನನ್ನ ತಲೆಗೆ ಬಂದದ್ದು ರೊಟ್ಟಿ ಮಷೀನು. ಹಿಟ್ಟು ಹಾಕು, ಗುಂಡಿ ಒತ್ತು, ಆ ಕಡೆಯಿಂದ ರೊಟ್ಟಿ. ಸಮಸ್ಯೆ ಒಂದೇ. ಮಷೀನ್ ರೊಟ್ಟಿಯ ಬಗ್ಗೆ ಅವ್ವನ ಅಭಿಪ್ರಾಯ ಇಡೀ ತಾಲ್ಲೂಕಿಗೆ ಗೊತ್ತು. "ಅವು ಆಧಾರ್ ಕಾರ್ಡ್ ಇದ್ದಂಗ" ಅನ್ನುತ್ತಾಳೆ, "ಎಲ್ಲಾ ಒಂದೇ ಅಳತಿ, ಒಂದರ ಮಾರೀನೂ ಛಂದ ಇರಂಗಿಲ್ಲ."

ಮೊದಲೇ ಕೇಳಿದರೆ ಬೇಡ ಅಂತಾಳೆ. ಮಷೀನು ತಂದು ಹಿತ್ತಲಲ್ಲಿ ನಿಲ್ಲಿಸಿಬಿಟ್ಟರೆ? ಬೈಯುತ್ತಾಳೆ, ಆದರೆ ವಾಪಸ್ ಹೊತ್ತುಕೊಂಡು ಹೋಗಲಾರಳು. ಹಾಗಾಗಿ ಗುಟ್ಟಾಗಿ ಸಾಲಕ್ಕೆ ಅರ್ಜಿ ಹಾಕಲು ಹೊರಟೆ.

ಸೇಡಂನಲ್ಲಿ, ಗುಟ್ಟಾಗಿ. ಈ ಎರಡು ಪದ ಒಂದೇ ಸಾಲಲ್ಲಿ ಕೂರುತ್ತವೆಯೇ? ನಮ್ಮಲ್ಲಿ ಪಾಸ್‌ಬುಕ್ ಪ್ರಿಂಟ್ ಮಾಡಿಸಿದರೆ ಹಿಂದೆ ನಿಂತವರು ಓದಿ, ಬ್ಯಾಲೆನ್ಸ್ ನೋಡಿ, ಹೆಗಲ ಮೇಲೆ ಕೈಯಿಟ್ಟು ಸಮಾಧಾನ ಹೇಳುತ್ತಾರೆ. ಯಾರಿಗೂ ಗುರುತು ಸಿಗಬಾರದು ಅಂತ ನಾನು ಹೆಲ್ಮೆಟ್ ಹಾಕಿಕೊಂಡೇ ಬ್ಯಾಂಕಿನೊಳಗೆ ನಡೆದೆ. ಬಾಗಿಲಲ್ಲಿದ್ದ ಸೆಕ್ಯುರಿಟಿಯವರು ಬಂದೂಕಿನ ಮೇಲೆ ಕೈಯಿಟ್ಟರು. ಹೆಲ್ಮೆಟ್ ತೆಗೆದೆ. "ಅಯ್ಯ, ರೊಟ್ಟಿ ಶರಣಮ್ಮನ ಮಲ್ಲು" ಅಂತ ಅವರು ಹಾಲ್‌ನ ಆ ತುದಿಗೂ ಕೇಳುವಂತೆ ಹೇಳಿದರು. ಸೀದಾ ಬಂದಿದ್ದರೆ ಯಾರೂ ತಿರುಗಿ ನೋಡುತ್ತಿರಲಿಲ್ಲ.

ಮ್ಯಾನೇಜರ್ ಮೇಡಂ ಮಾತ್ರ ಬೇರೆ ಥರದವರು. ಕ್ಯಾಬಿನ್ ಬಾಗಿಲು ಹಾಕಿ, ಎಲ್ಲ ಕೇಳಿಸಿಕೊಂಡರು. ಇದು ನಮ್ಮವ್ವನಿಗೆ ತಿಳಿಯಬಾರದು ಅಂತ ಬೇಡಿಕೊಂಡೆ. ಸಾಲ ಕೇಳಿ ಬಂದವರ ಮಾಹಿತಿ ಹೊರಗೆ ಹೋಗಬಾರದು, ಅದು ನಮ್ಮ ಡ್ಯೂಟಿ, ತಾಯಿ ಆದರೂ ಅಷ್ಟೇ, ಮಗ ಆದರೂ ಅಷ್ಟೇ ಅಂದರು. 'ಮಗ ಆದರೂ' ಅಂತ ಯಾಕೆ ಸೇರಿಸಿದರು ಅಂತ ನಾನು ಯೋಚಿಸಲೇ ಇಲ್ಲ. ನಾನು ಯೋಚಿಸುವ ವೇಗ ನನ್ನ ಸ್ಕೂಟರಿನಷ್ಟೇ. ಅವ್ವ ಆ ವಾರ ಎರಡು ಸಲ ಇಳಕಲ್ ಸೀರೆ ಉಟ್ಟು, ಕೇಳಿದರೆ "ಗುಡಿಗಿ" ಅಂತ ಹೇಳಿ, ಪ್ರಸಾದವಿಲ್ಲದೆ ಬಂದದ್ದನ್ನೂ ಯೋಚಿಸಲಿಲ್ಲ.

ವಿಚಾರಣೆಗೆ ಕಲಬುರಗಿ ಆಫೀಸಿನಿಂದ ಒಬ್ಬರು ಬರುತ್ತಾರೆ ಅಂತ ಮೇಡಂ ಹೇಳಿದ್ದರು. ಬಂದರು. ಹಾಸನ ಕಡೆಯ ಹುಡುಗ, ಪ್ರಶಾಂತ್ ಅಂತ ಹೆಸರು, ಇನ್ ಮಾಡಿದ ಶರ್ಟು, ಕಂಕುಳಲ್ಲಿ ಬ್ಯಾಗು. ನಮ್ಮ ಓಣಿಯ ಬಾಯಲ್ಲಿರುವ ಖಾಜಾ ಮಾಮಾನ ಚಹಾ ಅಂಗಡಿಯಲ್ಲಿ ಕೂತು ನನ್ನ ಬಗ್ಗೆ ಕೇಳಿದರು. ಡ್ಯೂಟಿ ಪ್ರಕಾರ ಸಾಲದ ಮಾತು ಎತ್ತುವಂತಿಲ್ಲ, ಬ್ಯಾಂಕಿನ ಹೆಸರೂ ಹೇಳುವಂತಿಲ್ಲ. ಹಾಗಾಗಿ ಉಳಿದದ್ದನ್ನೆಲ್ಲ ಕೇಳಿದರು. ಹುಡುಗ ಹೇಗೆ? ಚಟ ಇದೆಯಾ? ಮನೆ ಸ್ವಂತದ್ದಾ? ದುಡಿಮೆ ಹೇಗೆ? ಕೊಟ್ಟ ಮಾತು ಉಳಿಸಿಕೊಳ್ಳುತ್ತಾನಾ?

ಈಗ ನೀವೇ ಹೇಳಿ. ನಮ್ಮ ಕಡೆ ಒಬ್ಬ ಅಪರಿಚಿತ, ಇನ್ ಮಾಡಿಕೊಂಡು, ಚಹಾ ಅಂಗಡಿಯಲ್ಲಿ ಕೂತು, ಮದುವೆಯಾಗದ ಹುಡುಗನ ಬಗ್ಗೆ ಇಷ್ಟು ಪ್ರಶ್ನೆ ಕೇಳಿದರೆ ಆತ ಯಾರು?

ಹುಡುಗಿ ಕಡೆಯವನು. ಬೇರೆ ಯಾರೂ ಆಗಿರಲು ಸಾಧ್ಯವೇ ಇಲ್ಲ.

ಮತ್ತೆ ಹುಡುಗಿ ಕಡೆಯವರು ಬಂದಾಗ ಓಣಿಯ ಕರ್ತವ್ಯ ಏನು? ಹುಡುಗನನ್ನು ಏರಿಸುವುದು. ಇದು ನಮ್ಮಲ್ಲಿ ಸುಳ್ಳಲ್ಲ, ಸೇವೆ. ಖಾಜಾ ಮಾಮಾ ಸಂಜೆ ನನ್ನನ್ನು ಕರೆದು, ಮೊದಲ ಸಲ ಚಹಾ ಪುಕ್ಕಟೆ ಕೊಟ್ಟು, ವರದಿ ಒಪ್ಪಿಸಿದ.

"ಹುಡುಗ ಹೆಂಗ ಅಂತ ಕೇಳ್ದ. ಹೀರಾ ಅಂದೆ. ಚಟ ಅಂದ. ಚಹಾ ಸೈತ ಕುಡಿಯಂಗಿಲ್ಲ ಅಂದೆ. ಹೊಲ ಅಂದ. ಕೊಡ್ಲ್ಯಾಗ ಇಪ್ಪತ್ತು ಎಕರೆ ಅಂದೆ."

ಕುಡಿಯುತ್ತಿದ್ದ ಚಹಾ ಕೆಳಗಿಟ್ಟೆ. ಕೊಡ್ಲಿ ಊರಲ್ಲಿ ಇರುವುದು ನಮ್ಮ ಸೋದರಮಾವನ ಹೊಲ, ನನ್ನದಲ್ಲ ಅಂದೆ.

"ಸೋದರಮಾಂವ ಅಂದ್ರ ಯಾರ ಮಾಂವ? ನಿನ್ನ ಮಾಂವ ಹೌದಿಲ್ಲೋ?" ಅಂದ. ನಾನು ಚಹಾ ಮುಗಿಸಿ ಎದ್ದು ಬಂದೆ.

ಎದುರು ಮನೆಯ ಬಸಮ್ಮತ್ತೆಯದು ಇನ್ನೂ ಮೇಲ್ಮಟ್ಟದ ಸೇವೆ. ಆಕೆಯ ಬಳಿ ಪ್ರಶಾಂತ್ ನನ್ನ ಬಗ್ಗೆ ಕೇಳಿದ್ದಲ್ಲದೆ ಅವ್ವನ ಬಗ್ಗೆಯೂ ಕೇಳಿದರಂತೆ. ಆಕೆ ಎಂಥವರು, ವ್ಯವಹಾರದಲ್ಲಿ ನೇರವಾ, ಅಂತ. ಬಸಮ್ಮತ್ತೆಗೆ ಇದ್ದ ಎಳ್ಳಷ್ಟು ಅನುಮಾನವೂ ಹೋಯಿತು. ಅತ್ತೆ ಹೇಗೆ ಅಂತ ಕೇಳದೆ ಯಾರಾದರೂ ಹುಡುಗಿ ಕೊಡುತ್ತಾರೆಯೇ? ಶರಣಮ್ಮನ ಬಾಯಲ್ಲಿ ಮಾತೇ ಬರುವುದಿಲ್ಲ, ಬಂದವಳನ್ನು ಅಂಗೈಯಲ್ಲಿ ಇಟ್ಟುಕೊಳ್ಳುತ್ತಾಳೆ ಅಂದಳಂತೆ. (ನಮ್ಮವ್ವನ ಬಾಯಲ್ಲಿ ಮಾತೇ ಬರುವುದಿಲ್ಲ. ಇದನ್ನು ಬರೆಯುವಾಗ ನನ್ನ ಪೆನ್ನು ಎರಡು ಸಲ ನಿಂತಿತು.) ಅವರು ಎಲ್ಲ ಕೇಳಿ, 'ಬಂದವಳು ಯಾರು' ಅನ್ನುವ ಮುಖ ಮಾಡಿ, ಥ್ಯಾಂಕ್ಸ್ ಹೇಳಿ ಹೋದರಂತೆ.

ಮರುದಿನದಿಂದ ನನ್ನ ರೂಟಿನ ಉದ್ದಕ್ಕೂ ಮದುವೆ. ಚಿತ್ತಾಪುರದ ಖಾನಾವಳಿಯಲ್ಲಿ ಹುಡುಗಿ ಚಿತ್ತಾಪುರದವಳು. ವಾಡಿಗೆ ಬರುವಷ್ಟರಲ್ಲಿ ರೈಲ್ವೆ ಕ್ವಾರ್ಟರ್ಸಿನವಳು. ಶಹಾಬಾದಿನಲ್ಲಿ ಪರ್ಸಿಕಲ್ಲಿನ ಖಣಿ ಇರುವ ಮನೆತನದವಳು, ಮನೆಗೆಲ್ಲ ಪುಕ್ಕಟೆ ಕಲ್ಲು ಹಾಸಿಕೊಡುತ್ತಾರೆ. ಚಿಂಚೋಳಿಯಲ್ಲಿ ಆಕೆ ಗಡಿಯಾಚೆಯವಳು, ತೆಲುಗು ಮಾತ್ರ ಬರುತ್ತದೆ, ನಾನು ಕಲಿಯಬೇಕು. ಆದಿತ್ಯನಗರದಲ್ಲಿ ಒಬ್ಬರು ನನ್ನ ಕೈ ಹಿಡಿದು, ಹೊಂದಿಕೊಂಡು ಹೋಗಪ್ಪಾ ಅಂತ ಕಣ್ಣು ಒರೆಸಿಕೊಂಡರು.

ನನ್ನ ಪರಿಸ್ಥಿತಿ ನೋಡಿ. ನಿಜ ಹೇಳಿದರೆ ಮಷೀನು ಹೋಗುತ್ತದೆ. ಹೇಳದಿದ್ದರೆ ಮದುವೆ ಬರುತ್ತದೆ. ನಾನು ಬಾಯಿ ಮುಚ್ಚಿಕೊಂಡೆ. ನನ್ನ ಜೀವನದಲ್ಲಿ ಬಾಯಿ ಮುಚ್ಚಿಕೊಂಡಾಗಲೆಲ್ಲ ಅನಾಹುತವೇ ಆಗಿದೆ, ತೆರೆದಾಗಲೂ.

ವಾರದ ನಂತರ ಪ್ರಶಾಂತ್ ಮನೆಗೇ ಬಂದರು. ಅವ್ವ ಕಟ್ಟೆಗೆ ಜಮಖಾನೆ ಹಾಸಿ, "ಬರ್ರಿ, ಕುಂದ್ರಿ" ಅಂತ ಸುಸಲಾ, ಮಿರ್ಚಿ, ಚಹಾ ಕೊಟ್ಟಳು. ಬಸಮ್ಮತ್ತೆ ನಮ್ಮ ಬಾಗಿಲ ಚೌಕಟ್ಟಿಗೆ ಒರಗಿ, ತಾನೂ ಚೌಕಟ್ಟಿನ ಭಾಗವೇ ಎಂಬಂತೆ ನಿಂತಳು. ಅವರು ಆಕೆಯನ್ನು ನೋಡಿದರು, ಅವ್ವನನ್ನು ನೋಡಿದರು, ನನ್ನನ್ನು ನೋಡಿದರು. ಹಣೆಯಲ್ಲಿ ಬೆವರು. ಆಮೇಲೆ, ಇಬ್ಬರ ಹತ್ತಿರಾನೂ ಬೇರೆ ಬೇರೆ ಮಾತಾಡಬೇಕು ಅಂದರು.

ಮೊದಲು ನನ್ನನ್ನು ಹಿತ್ತಲಿಗೆ ಕರೆದೊಯ್ದು, ಬ್ಯಾಂಕಿನಿಂದ ಬಂದಿದ್ದೇನೆ ಅಂತ ಪಿಸುಗುಟ್ಟಿ, ಮಷೀನು ಎಲ್ಲಿ ನಿಲ್ಲಿಸುತ್ತೀರಿ ಅಂತ ಟೇಪು ಹಿಡಿದು ಗೋಡೆ ಅಳೆದರು. ಆಮೇಲೆ ಅವ್ವನನ್ನು ಕರೆದುಕೊಂಡು ಮನೆ ಮುಂದೆ ಹೋದರು. ಅಲ್ಲಿ ಏನೋ ಪಿಸುಮಾತು. ಇಣುಕಿ ನೋಡಿದರೆ ಗೇಟು ಅಳೆಯುತ್ತಿದ್ದಾರೆ.

ಗೇಟು ಯಾಕೆ?

ಉತ್ತರ ಬಸಮ್ಮತ್ತೆಯ ಬಳಿ ತಯಾರಿತ್ತು. ಹಿತ್ತಲ ಗೋಡೆ ಅಳೆದದ್ದು ಹುಡುಗಿ ತರುವ ಅಲ್ಮಾರಿಗೆ, ಗೇಟು ಅಳೆದದ್ದು ಕಾರಿಗೆ. ಸಂಜೆಯೊಳಗೆ ಕಾರಿನ ಬಣ್ಣವೂ ಓಣಿಗೆ ಗೊತ್ತಾಗಿತ್ತು. ಬೆಳ್ಳಿ ಬಣ್ಣ.

ಅವರು ಹೋದ ಮೇಲೆ ನಾನು ಅವ್ವನ ಮುಂದೆ ನಾಟಕ ಶುರು ಮಾಡಿದೆ. ಅಲ್ಮಾರಿಗೆ ಅಳತೆ ತಗೊಂಡರವ್ವ, ಪಾಪ ಹುಡುಗಿ ಕಡೆಯವರು ಭಾಳ ಸಂಭಾವಿತರು ಅಂದೆ. ಅವ್ವ ಹುಬ್ಬೇರಿಸಿ ಸಿಟ್ಟಾಗುತ್ತಾಳೆ ಅಂದುಕೊಂಡಿದ್ದೆ. ಆಕೆ ಸೆರಗು ಸರಿಮಾಡಿಕೊಂಡು ಹೇಳಿದಳು:

"ಹೌದಪಾ. ಹುಡುಗಿ ಡಿಗ್ರಿ ಓದ್ಯಾಳಂತ. ನೋಡ್ಲಿಕ್ಕೂ ಛಂದ ಅದಾಳಂತ."

ಯಾವ ಹುಡುಗಿ? ಆತ ಬ್ಯಾಂಕಿನವನು. ಬ್ಯಾಂಕಿನವನು ಮಷೀನಿಗೆ ಸಾಲ ಕೊಡುತ್ತಾನೆ, ಅದರ ಜೊತೆ ಡಿಗ್ರಿ ಓದಿದ ಹುಡುಗಿಯನ್ನೂ ಕೊಡುತ್ತಾನಾ? ಈಗ ಬ್ಯಾಂಕಿನಲ್ಲಿ ಖಾತೆ ತೆರೆದರೆ ಇನ್ಶೂರೆನ್ಸ್ ಅಂಟಿಸುತ್ತಾರೆ, ಇದೂ ಹಾಗೇ ಏನಾದರೂ ಸ್ಕೀಮಾ?

ಸ್ಕೂಟರ್ ಹತ್ತಿ ಬಸ್ ಸ್ಟ್ಯಾಂಡಿಗೆ ಹೋಗಿ, ಕಲಬುರಗಿ ಬಸ್ಸಿನ ಕಿಟಕಿ ಸೀಟಲ್ಲಿ ಕೂತಿದ್ದ ಪ್ರಶಾಂತ್ ಅವರನ್ನು ಹಿಡಿದೆ. ನಮ್ಮವ್ವನಿಗೆ ಏನು ಹೇಳಿದಿರಿ ಸರ್ ಅಂದೆ.

"ಅದನ್ನ ನಾನು ಹೇಳೋ ಹಾಗಿಲ್ಲ."

ಹುಡುಗಿ ಇದ್ದಾಳಾ ಇಲ್ಲವಾ, ಅಷ್ಟಾದರೂ ಹೇಳಿ ಅಂದೆ. ಅವರು ಕಣ್ಣು ಮುಚ್ಚಿ, ಉಸಿರೆಳೆದು, ಬಸ್ಸಿನವರೆಲ್ಲ ಕೇಳಿಸಿಕೊಳ್ಳುತ್ತಿದ್ದಾಗ ಹೇಳಿದರು.

"ದಯವಿಟ್ಟು ಬಲವಂತ ಮಾಡಬೇಡಿ. ಕಾನ್ಫಿಡೆನ್ಷಿಯಲ್."

ಬಸ್ಸು ಹೊರಟಿತು. ನಾನು ಅಲ್ಲೇ ನಿಂತು ಲೆಕ್ಕ ಹಾಕಿದೆ. ಇಲ್ಲ ಅನ್ನಲಿಲ್ಲ. ಅಂದರೆ ಇದ್ದಾಳೆ. ಕಾನ್ಫಿಡೆನ್ಷಿಯಲ್ ಹುಡುಗಿ.

ಮುಂದಿನದನ್ನು ಬರೆಯಬಾರದು, ಆದರೆ ನಿಮ್ಮ ಹತ್ತಿರ ಏನು ಮುಚ್ಚುಮರೆ? ಸೀದಾ ಸಲೂನಿಗೆ ಹೋಗಿ ಕಟಿಂಗ್, ಫೇಶಿಯಲ್ ಎರಡೂ ಮಾಡಿಸಿದೆ. ಮೊಬೈಲಿನಲ್ಲಿ ತೆಲುಗು ಕಲಿಯುವ ಆ್ಯಪ್ ಹಾಕಿಕೊಂಡೆ. (ಅಕಸ್ಮಾತ್ ಚಿಂಚೋಳಿಯವರು ಹೇಳಿದ್ದೇ ನಿಜವಾಗಿದ್ದರೆ?) ಕನ್ನಡಿಯ ಮುಂದೆ ನಿಂತು, ನಾನು ಚಹಾ ಸೈತ ಕುಡಿಯಲ್ಲ ಅಂತ ಹೇಳುವುದನ್ನು ಅಭ್ಯಾಸ ಮಾಡಿದೆ.

ಆ ಭಾನುವಾರ ಕೊಡ್ಲಿಯಿಂದ ಸೋದರಮಾವ ಬಂದ. ರುಮಾಲು ತೆಗೆಯುವ ಮೊದಲೇ ಕೇಳಿದ, "ಏ ಮಲ್ಯಾ, ನನ್ ಹೊಲ ನಿನ್ ಹೆಸರಿಗಿ ಯಾವಾಗ ಬಂತೋ?"

ಖಾಜಾ ಮಾಮಾನ ಇಪ್ಪತ್ತು ಎಕರೆ ಬಸ್ಸು ಹತ್ತಿ ಕೊಡ್ಲಿ ಮುಟ್ಟಿತ್ತು. ಅವ್ವ ಮಜ್ಜಿಗೆ ಕೊಟ್ಟು ಸಮಾಧಾನ ಮಾಡಿದಳು. ಮಾವ ತಣ್ಣಗಾಗಿ, ಹೋಗಲಿ, ಮದುವೆಗೆ ಅಂತ ನಾಲ್ಕು ಮಾತು ಜಾಸ್ತಿ ಆಡುತ್ತಾರೆ, ಕಾರು ತಗೊಂಡು ಬಂದಿದ್ದೇನೆ, ಈಗಲೇ ಹೋಗಿ ಹುಡುಗಿ ನೋಡಿ ಬರೋಣ ಅಂದ. ನಾನು ಅವ್ವನನ್ನು ನೋಡಿದೆ. ಅವ್ವ ನನ್ನನ್ನು ನೋಡಿದಳು.

"ಯಾವ ಊರು?" ಅಂದ ಮಾವ.

"ಚಿತ್ತಾಪುರ" ಅಂದೆ ನಾನು.

"ಶಹಾಬಾದ್" ಅಂದಳು ಅವ್ವ.

ಒಂದೇ ಉಸಿರಲ್ಲಿ, ಒಟ್ಟಿಗೆ. ಬಸಮ್ಮತ್ತೆ ಚೌಕಟ್ಟಿನಿಂದ ಬೇರ್ಪಟ್ಟು ಒಳಗೇ ಬಂದು ಕೂತಳು.

"ಇಬ್ರೂ ಏನ್ ಕದ್ದೀರಿ?" ಅಂದ ಮಾವ.

ನಾನು ಮೊದಲು ಒಡೆದುಹೋದೆ. (ನಮ್ಮ ಮನೆಯ ರೊಟ್ಟಿಗೂ ನನಗೂ ಅದೇ ಸಂಬಂಧ.) ಹುಡುಗಿ ಇಲ್ಲ, ಆತ ಬ್ಯಾಂಕಿನವನು, ರೊಟ್ಟಿ ಮಷೀನಿಗೆ ಸಾಲ ಕೇಳಿದ್ದೇನೆ, ನಿನ್ನ ಕೈ ನೋವು ನನಗೆ ಗೊತ್ತು ಅಂತ ಒಂದೇ ಸಮನೆ ಹೇಳಿ, ಬೈಗುಳಕ್ಕೆ ತಲೆ ಬಗ್ಗಿಸಿದೆ. ಬೈಗುಳ ಬರಲಿಲ್ಲ. ಓಣಿಯಲ್ಲಿ ಯಾರೂ ಕಾಣದ ಒಂದು ದೃಶ್ಯ ಕಂಡಿತು. ಅವ್ವ ನಾಚಿಕೊಂಡಿದ್ದಳು.

"ನನ್ ಹಂತೇಕೂ ಬ್ಯಾಂಕಿನವ್ನೇ ಬಂದಿದ್ದ" ಅಂದಳು. "ನೀ ಹುಡುಗಿ ಕಡ್ಯಾವ್ರು ಅಂದಿ. ಛೊಲೋ ಆತು, ಇವ್ನಿಗಿ ತಿಳೀಲಿಲ್ಲ ಅಂತ ನಾನೂ ಹುಡುಗಿ ಛಂದ ಅದಾಳ ಅಂದೆ."

ಅವ್ವ ಸಾಲ ಕೇಳಿದ್ದು ಗೂಡ್ಸ್ ಆಟೊಗೆ. ಗೇಟು ಅಳೆದದ್ದು ಅದಕ್ಕೆ. ಕೈ ಹೋಗುವ ಮೊದಲು ಇನ್ನಿಬ್ಬರು ಹೆಂಗಸರನ್ನು ಸೇರಿಸಿಕೊಳ್ಳಬೇಕು, ಹೆಚ್ಚು ರೊಟ್ಟಿ ಕಳಿಸಬೇಕು, ಅದಕ್ಕೆ ಒಂದು ಗಾಡಿ, ಜೊತೆಗೆ ಒಬ್ಬ ಒಳ್ಳೆಯ ಡ್ರೈವರ್.

"ಮತ್ತ ನಾನು?" ಅಂದೆ.

"ಅದಕ್ಕs ನಿನಗ ಹೇಳಿರ್ಲಿಲ್ಲ" ಅಂದಳು.

ನಾನು ಗುಟ್ಟಾಗಿ ಅವ್ವನ ಕೈ ಬದಲಿಗೆ ಮಷೀನು ತರಲು ಹೊರಟಿದ್ದೆ. ಅವ್ವ ಗುಟ್ಟಾಗಿ ಇಡೀ ನನ್ನ ಬದಲಿಗೆ ಆಟೊ ತರಲು ಹೊರಟಿದ್ದಳು. ಇಬ್ಬರ ಗುಟ್ಟನ್ನೂ ಹೊಟ್ಟೆಯಲ್ಲಿಟ್ಟುಕೊಂಡು ಒಂದೇ ಕಟ್ಟೆಯ ಮೇಲೆ ಕೂತು, ಮಿರ್ಚಿ ತಿಂದು, ಬೆವರಿದ ಹಾಸನದ ಆ ಹುಡುಗನ ಸ್ಥಿತಿ ನೆನೆಸಿಕೊಳ್ಳಿ. ಆ ಬೆವರು ಮಿರ್ಚಿಯದ್ದು ಅಂತ ನಾನು ತಿಳಿದಿದ್ದೆ.

ಇಲ್ಲಿ ಸ್ವಲ್ಪ ಗಂಭೀರನಾಗುತ್ತೇನೆ, ಸಹಿಸಿಕೊಳ್ಳಿ. ಸಾಲ ಕೇಳುವುದು ಅಂದರೆ ಬ್ಯಾಂಕಿನ ಮುಂದೆ ಮನಸ್ಸಿನ ಬಟ್ಟೆ ಬಿಚ್ಚಿದಂತೆ. ಏನು ಕಡಿಮೆಯಿದೆ, ಯಾರ ಮೇಲೆ ನಂಬಿಕೆಯಿಲ್ಲ, ಎಲ್ಲಿ ನೋಯುತ್ತಿದೆ ಎಲ್ಲ ಹೇಳಬೇಕು. ನಮ್ಮವ್ವ ನನಗೆ ನೊಣ ಅಂದಿದ್ದಳು, ಮ್ಯಾನೇಜರ್ ಮೇಡಂಗೆ ಮಾತ್ರ ಮಣಿಕಟ್ಟು ತೋರಿಸಿದ್ದಳಂತೆ. ಅದನ್ನು ಅವರು ನನಗೆ ಹೇಳಲಿಲ್ಲ. ಹೇಳಿದ್ದರೆ ನನಗೆ ಅನುಕೂಲವಾಗುತ್ತಿತ್ತು, ಆದರೆ ಅವ್ವ ಇನ್ನೆಂದೂ ಯಾರಿಗೂ ಮಣಿಕಟ್ಟು ತೋರಿಸುತ್ತಿರಲಿಲ್ಲ. ಗಂಭೀರ ಮುಗಿಯಿತು.

ಒಂದು ಮನೆಯಿಂದ ಎರಡು ಅರ್ಜಿ ಹೋಗಿದ್ದವು. ಅವ್ವನಿಗೆ ಸಾಲ ಮಂಜೂರಾಯಿತು. ನನಗೆ ಆಗಲಿಲ್ಲ. ಯಾಕೆ ಅಂತ ಹೋಗಿ ಕೇಳಿದೆ. ನನ್ನದೇ ಮಾಹಿತಿಯಾದ್ದರಿಂದ ಮೇಡಂ ನನಗೆ ಹೇಳಿದರು. ಬೇರೆ ಆಸ್ತಿ ಏನೂ ಇಲ್ಲ ಅಂತ ನೀವು ಹೇಳಿದ್ದೀರಿ, ವಿಚಾರಣೆಯಲ್ಲಿ ಕೊಡ್ಲಿಯಲ್ಲಿ ಇಪ್ಪತ್ತು ಎಕರೆ ಇದೆ ಅಂತ ಬಂದಿದೆ, ಹುಡುಕಿದರೆ ಅದು ನಿಮ್ಮ ಹೆಸರಲ್ಲಿಲ್ಲ, ನಿಮ್ಮ ಬಗ್ಗೆ ಯಾವುದನ್ನು ನಂಬುವುದು ಅಂತ ತಿಳಿಯುತ್ತಿಲ್ಲ. ನನಗೂ ತಿಳಿದಿಲ್ಲ ಮೇಡಂ ಅಂತ ಎದ್ದು ಬಂದೆ.

ಮಷೀನು ಹೋಯಿತು ಅಂದುಕೊಂಡಿದ್ದೆ. ಆದರೆ ಮೊನ್ನೆ ಅವ್ವ ಕೊನೆಯ ರೊಟ್ಟಿ ಹಂಚಿಗೆ ಹಾಕಿ, ಕೈ ಜಾಡಿಸಿ, ನನ್ನ ಕಡೆ ನೋಡದೆ ಕೇಳಿದಳು.

"ಆ ನಿನ್ ಮಷೀನು ಅಂಚಿನ ತನಾ ಸರಿ ಬೇಯಿಸ್ತದೇನು?"

ನೊಣಕ್ಕೆ ಔಷಧಿ ಸಿಕ್ಕಿದೆ ಅಂತ ಅನ್ನಿಸಿತು. ಆಟೊದ ಕಂತು ಅರ್ಧ ತೀರಿದ ಮೇಲೆ ನೋಡೋಣ ಅಂದಿದ್ದಾಳೆ.

ಆಟೊ ಬಂತು. ಬೆಳ್ಳಿ ಬಣ್ಣವೇ. (ಬಸಮ್ಮತ್ತೆಗೆ ಹೇಗೆ ಗೊತ್ತಾಯಿತೋ, ಬ್ಯಾಂಕು ಆ ಕಡೆ ಸ್ವಲ್ಪ ಗಮನ ಕೊಡಲಿ.) ಡ್ರೈವರ್ ಕೆಲಸಕ್ಕೆ ನಾನೇ ಅರ್ಜಿ ಹಾಕಿದೆ. ಅವ್ವ ಬ್ಯಾಂಕಿನಿಂದ ಕಲಿತವಳು, ವಿಚಾರಣೆ ಮಾಡಿಯೇ ತಗೊಳ್ಳುವುದು ಅಂದಳು. ಖಾಜಾ ಮಾಮಾನನ್ನು ಕೇಳಿದಳು, ಬಸಮ್ಮತ್ತೆಯನ್ನು ಕೇಳಿದಳು. ಮದುವೆಯ ಮಾತಲ್ಲ, ಗಾಡಿಯ ಮಾತು ಅಂತ ಮೊದಲೇ ಹೇಳಿ ಕೇಳಿದಳು.

ಅಷ್ಟೇ. ಹೀರಾ ಅಂದಿದ್ದ ಮಾಮಾ ಎಮ್ಮೆಯಿಂದ ಶುರು ಮಾಡಿದ. ಶಹಾಬಾದಿನ ರೊಟ್ಟಿ ವಾಡಿಯಲ್ಲಿ ಇಳಿಸಿದ್ದು, ಚಿಂಚೋಳಿ ದಾರಿಯಲ್ಲಿ ನಿದ್ದೆ ಬಂತು ಅಂತ ಮೂಟೆಗೆ ತಲೆಯಿಟ್ಟು ಮಲಗಿದ್ದು, ಚಹಾದ ಬಾಕಿ, ಎಲ್ಲ. ಮಾಮಾ ಮರೆತದ್ದನ್ನು ಬಸಮ್ಮತ್ತೆ ನೆನಪಿಸಿಕೊಟ್ಟಳು. ನಾನು ಎದುರಿಗೇ ಇದ್ದೆ. ಒಂದಾದರೂ ಸುಳ್ಳಾಗಿದ್ದರೆ ಜಗಳ ಮಾಡಬಹುದಿತ್ತು.

ಈಗ ಆಟೊ ಓಡಿಸುವವನು ಬೇರೆ ಒಬ್ಬ. ನಾನು ಪಕ್ಕದಲ್ಲಿ ಕೂತು, ತೊಡೆಯ ಮೇಲೆ ಮೂಟೆ ಹಿಡಿದುಕೊಳ್ಳುವ ಕ್ಲೀನರ್.

ಬ್ಯಾಂಕಿನವರೇ, ನಾನು ನಿಮಗೆ ಹೇಳಿದ್ದನ್ನೆಲ್ಲ ಗುಟ್ಟಾಗಿಟ್ಟಿರಿ, ಉಪಕಾರವಾಯಿತು; ನಮ್ಮ ಓಣಿಗೆ ಗೊತ್ತಿರುವುದನ್ನು ಗುಟ್ಟಾಗಿಡಲು ನಿಮ್ಮಲ್ಲಿ ಏನಾದರೂ ಸ್ಕೀಮ್ ಇದೆಯೇ?